ಬೆನ್ನು ತೋರಿಸಿ ನಿಂತವಳು

ಮಾರೇನಹಳ್ಳಿಯ ನಮ್ಮ ಕಲ್ಯಾಣ ಮಂಟಪಕ್ಕೆ ನಾನು ಮ್ಯಾನೇಜರ್ ಆಗುವುದಕ್ಕೂ ಮುಂಚಿನಿಂದ ಜಯದೇವಿ ಬರುತ್ತಿದ್ದಾಳೆ. ಮದುಮಗಳಿಗೆ ಮೊಗ್ಗಿನ ಜಡೆ ಹೆಣೆಯುವುದು ಅವಳ ಕೆಲಸ. ಒಂದು ಮೊಗ್ಗು ಬಿರಿದಿದ್ದರೂ ಹೂವಿನವನಿಗೆ ಮಂಗಳಾರತಿ. ಅವಳ ಹೊಟ್ಟೆಯುರಿ ಮಾತ್ರ ಬೇರೆ. ಈಗಿನ ಫೋಟೋದವರು ಹುಡುಗಿಯ ಮುಖ ಬಿಟ್ಟು ಬೇರೇನೂ ತೆಗೆಯುವುದಿಲ್ಲ.

"ಇಷ್ಟು ಕಷ್ಟಪಟ್ಟು ಹೆಣೀತೀನಿ, ಒಬ್ಬರಾದ್ರೂ ನೋಡ್ತಾರಾ ಸಾರ್?" ಎಂದು ನನ್ನನ್ನೇ ದಬಾಯಿಸುತ್ತಾಳೆ. ಕ್ಯಾಮೆರಾ ಹಿಡಿದವನು ನಾನೇ ಏನೋ ಎನ್ನುವ ಹಾಗೆ! ಆದರೆ ಅವಳ ಮಾತು ಸುಳ್ಳಲ್ಲ. ಬಂದವರೆಲ್ಲ ಮದುಮಗಳ ಮುಂದೆ ಕೂರುತ್ತಾರೆ. ಹಿಂದೆ ನಿಲ್ಲುವವಳು ಇವಳೊಬ್ಬಳೇ.

ಹೋದ ವರ್ಷ ಮಾಲೀಕರು ಕೆಂಚಪ್ಪನವರು ಹೆಗ್ಗನಹಳ್ಳಿಯಲ್ಲಿ ಮಾಡಿಸಿದ ಮೂರು ಫೈಬರ್ ಬೊಂಬೆಗಳನ್ನು ಮುಂಬಾಗಿಲ ಎದುರು ನಿಲ್ಲಿಸಿದರು. ಗ್ರೀಕರ ಚೆಲುವಿನ ದೇವತೆಯರಂತೆ, ಮೂವರು ಅಕ್ಕತಂಗಿಯರು, ಒಬ್ಬರ ಹೆಗಲ ಮೇಲೆ ಇನ್ನೊಬ್ಬರ ಕೈ. ಜನರ ಬಾಯಿಗೆ ಹೆದರಿ ಮೂವರಿಗೂ ಸೀರೆ ಉಡಿಸಿದ್ದಾಯಿತು. ಇಬ್ಬರು ನಮ್ಮ ಕಡೆ ನೋಡುತ್ತಿದ್ದರು. ನಡುವಿನವಳು ಬೆನ್ನು ತಿರುಗಿಸಿದ್ದಳು.

ಅನು ಎಂಬ ಹುಡುಗಿಯ ಮದುವೆಯ ಬೆಳಿಗ್ಗೆ ಅವಳ ತಾಯಿ ಮುನಿತಾಯಮ್ಮ ಇದನ್ನು ಕಂಡು ಕೂಗಾಡಿದರು. "ಮದುವೆ ಮನೇಲಿ ಬೆನ್ನು ತೋರಿಸೋ ದೇವರಾ? ಬಿಡ್ತು ಅನ್ನಿ! ಅವಳನ್ನ ತೆಗೆಸೋವರ್ಗೂ ನನ್ನ ಮಗಳು ಹಸೆಮಣೆ ಹತ್ತಲ್ಲ."

ಕೆಂಚಪ್ಪನವರು ಬೆದರಿ ಗರಗಸದವನನ್ನು ಕರೆಸಿಯೇಬಿಟ್ಟರು. ಅನುವಿನ ಜಡೆ ಮುಗಿಸಿ ಬಂದ ಜಯದೇವಿ ಅವನಿಗೆ ಅಡ್ಡ ನಿಂತಳು.

"ಸ್ವಲ್ಪ ತಡಿಯಣ್ಣ."

ಉಳಿದಿದ್ದ ಮೊಗ್ಗಿನ ದಂಡೆಗಳನ್ನು ಆ ದೇವತೆಯ ಮುಡಿಯಿಂದ ಸೊಂಟದವರೆಗೆ ಇಳಿಬಿಟ್ಟು ಕಟ್ಟಿದಳು.

"ಈಗ ನೋಡಿ ಅಮ್ಮಾ. ಇವಳೇನು ಮುನಿಸ್ಕೊಂಡು ತಿರುಗಿಲ್ಲ. ಜಡೆ ತೋರಿಸ್ತಾ ಇದಾಳೆ."

ಮುನಿತಾಯಮ್ಮ ಹತ್ತಿರ ಬಂದು ಮೊಗ್ಗು ಸವರಿದರು. ಅವರ ಮದುವೆಯಲ್ಲಿ ಸ್ಟುಡಿಯೋದವನು ಹಿಂದೆ ಕನ್ನಡಿ ಇಟ್ಟು, ಜಡೆ ಕಾಣುವ ಹಾಗೆ ಫೋಟೋ ತೆಗೆದಿದ್ದನಂತೆ. ಅದು ನೆನಪಾಗಿ ಅವರ ದನಿಯೇ ಇಳಿಯಿತು.

"ಅನೂ, ಬಾರೇ ಇಲ್ಲಿ. ನೀನೂ ಹಿಂಗೇ ತಿರುಗಿ ನಿಂತ್ಕೋ."

ಅನು ದೇವತೆಯ ಪಕ್ಕದಲ್ಲಿ ಬೆನ್ನು ಮಾಡಿ ನಿಂತಳು. ಜಯದೇವಿ ಜಡೆಯ ಕುಚ್ಚು ಸರಿಮಾಡಿ, ಎಂದಿನಂತೆ ಕ್ಯಾಮೆರಾಗೆ ಸಿಗದ ಹಾಗೆ ಸರಿಯಲು ಹೊರಟಳು. ಅನು ಅವಳ ಕೈ ಹಿಡಿದುಕೊಂಡಳು.

"ಆಂಟಿ, ನೀವೆಲ್ಲಿಗೆ? ಇಲ್ಲೇ ಇರಿ."

ಆ ಫೋಟೋ ಈಗ ನನ್ನ ಆಫೀಸಿನ ಗೋಡೆಯ ಮೇಲಿದೆ. ಎಡಕ್ಕೆ ದೇವತೆಯ ಬೆನ್ನು, ಬಲಕ್ಕೆ ಮದುಮಗಳ ಬೆನ್ನು. ಉಳಿದ ಇಬ್ಬರು ದೇವತೆಯರಲ್ಲಿ ಒಬ್ಬಳು ಅನುವಿನ ಮರೆಯಲ್ಲಿ, ಇನ್ನೊಬ್ಬಳು ಚೌಕಟ್ಟಿನ ಆಚೆ. ಮುಖ ಕಾಣುವುದು ಜಯದೇವಿಯದೊಂದೇ.