ಅಣ್ಣನ ದೆವ್ವ, ನನ್ನ ಕೂಗು

ಅವರ ಉಗುರಿನ ಸಂದಿ ಸದಾ ಕೆಂಪಗಿರುತ್ತಿತ್ತು. ಸಿನಿಮಾಕ್ಕೆಂದು ಬೆಲ್ಲದ ಪಾಕಕ್ಕೆ ಕುಂಕುಮ ಕಲೆಸಿ ಅವರೇ ತಯಾರಿಸುತ್ತಿದ್ದ ರಕ್ತ ಅದು. ನಮ್ಮ ಕಟ್ಟೆಯ ಮೇಲೆ ಚಹಾ ಕುಡಿದು ಎದ್ದುಹೋದರೆ ಹಿಂದೆಯೇ ಇರುವೆಗಳ ಸಾಲು ಬರುತ್ತಿತ್ತು.

ಬೆಟಗೇರಿಯಲ್ಲಿ ನಮ್ಮ ಪಕ್ಕದ ಮನೆಯವರು, ನೇಕಾರರ ಮಗ. ನಾನು ಅಣ್ಣ ಎನ್ನುತ್ತಿದ್ದೆ. ಅಂಗಡಿಗಳ ಬೋರ್ಡು ಬರೆದರು, ಮದುವೆಗಳ ವಿಡಿಯೊ ತೆಗೆದರು, ಕೊನೆಗೆ ದೆವ್ವದ ಸಿನಿಮಾಕ್ಕೆ ನಿಂತರು. ಕಥೆ, ಕ್ಯಾಮೆರಾ, ಮೇಕಪ್ಪು, ಎಡಿಟಿಂಗ್ ಎಲ್ಲ ಅವರದೇ. ದೆವ್ವದ ಹೆಜ್ಜೆಯ ಸಪ್ಪಳ ಮಾತ್ರ ಅವರ ತಾಯಿಯ ಮಗ್ಗದ್ದು. ಪ್ರತಿ ಸಿನಿಮಾದ ಮೊದಲ ಪ್ರೇಕ್ಷಕ ನಾನು. ನಾನೋ, ಗ್ಯಾಸ್ ಬಂದ್ ಮಾಡಿದೆನೋ ಇಲ್ಲವೋ ಎಂದು ಬಸ್‌ಸ್ಟ್ಯಾಂಡಿನಿಂದ ಮನೆಗೆ ಮರಳುವವನು. "ನೀ ಎಲ್ಲಾಕ್ಕೂ ಅಂಜತಿ. ನಿನ್ನ ನಂಬಿ ಸಿನಿಮಾ ಮಾಡಿದ್ರ ಮುಗೀತು" ಎಂದು ಬೈಯುತ್ತಲೇ ಕರೆದು ಕೂರಿಸುತ್ತಿದ್ದರು.

ಕೊನೆಯ ಸಿನಿಮಾದ ಹೊತ್ತಿಗೆ ಅವರಿಗೆ ಎದೆನೋವು ಶುರುವಾಗಿತ್ತು. ಉಳಿದದ್ದು ಒಂದೇ ದೃಶ್ಯ: ಮಾಗಡಿ ಕೆರೆಯಲ್ಲಿ ದೆವ್ವ ನಡೆದುಹೋಗಬೇಕು, ಚಳಿಗಾಲಕ್ಕೆ ವಲಸೆ ಬಂದ ಬಾತುಗಳು ತಾವಾಗಿಯೇ ಹಾರಿ ಏಳಬೇಕು. ದೆವ್ವದ ಪಾತ್ರದ ಹುಡುಗಿಗೆ ಮದುವೆ ಗೊತ್ತಾಗಿ ಮನೆಯವರು ಕಳಿಸಲಿಲ್ಲ. ಹಕ್ಕಿಗಳೂ ಇನ್ನು ನಾಲ್ಕು ದಿನಕ್ಕೆ ಊರು ಬಿಡುವವು.

"ಮುಂದಿನ ವರ್ಷ ಮಾಡೂಣ್ರಿ ಅಣ್ಣಾ," ಎಂದೆ.

"ಹಕ್ಕಿ ಬರತಾವು. ನಾ ಇರತೀನೇನು? ಎಳಿ ಹರಿದ್ರ ಗಂಟ ಹಾಕಿ ನೇಯೂದಲೇ, ಸೀರಿ ಬಿಟ್ಟ ಏಳೂದಲ್ಲ."

ಮರುದಿನ ಮುಂಜಾನೆ ತಾಯಿಯ ಸೀರೆ ಉಟ್ಟು ಅವರೇ ನೀರಿಗಿಳಿದರು. ನನಗೆ ಎರಡೇ ಕೆಲಸ: ಕ್ಯಾಮೆರಾ ಒತ್ತುವುದು, ಬಾಯಿ ಮುಚ್ಚಿಕೊಂಡಿರುವುದು. ಮೊದಲನೆಯದನ್ನು ಸರಿಯಾಗಿ ಮಾಡಿದೆ. ನೀರು ಅವರ ಎದೆಗೆ ಬಂತು. ಒಮ್ಮೆ ತಡವರಿಸಿದರು.

"ಹೊರಗ ಬರ್ರೀ!" ಎಂದು ಕಿರುಚಿದೆ. ಇಡೀ ಕೆರೆಯೇ ಎದ್ದು ಹಾರಿದಂತಾಯಿತು.

ಕಾಲಡಿಯ ಕಲ್ಲು ಜಾರಿತ್ತಂತೆ, ಅಷ್ಟೆ. ನಡಿಗೆ ಮುಗಿಸಿಯೇ, ತೊಯ್ದ ಸೆರಗು ಹಿಂಡುತ್ತ ದಂಡೆಗೆ ಬಂದು, "ಕೆಡಿಸಿದ್ಯಲ್ಲಲೇ ಅಂಜಬುರಕ!" ಎಂದರು. ಆಮೇಲೆ ಕ್ಯಾಮೆರಾದಲ್ಲಿ ಮೂರು ಸಲ ನೋಡಿದರು. "ಇರಲಿ ಬಿಡು. ಗಂಟ ಬಿತ್ತು."

ಗದಗಿನಲ್ಲಿ ಪ್ರದರ್ಶನದ ದಿನ ಮಗ್ಗದ ಸಪ್ಪಳ ನಿಂತು ನನ್ನ ಕೂಗು ಬಂತು. ಮುಂದಿನ ಸಾಲಿನವನು ಕುರ್ಚಿಯ ಕೈ ಹಿಡಿದು, "ಯಾರಲೇ ಇಂವಾ, ಖರೇನ ಅಂಜ್ಯಾನ!" ಎಂದ. ಅಣ್ಣ ನನ್ನನ್ನು ಮೊಣಕೈಯಿಂದ ತಿವಿದರು. "ನೋಡು, ಇಷ್ಟ ವರ್ಷದ ಅಂಜಿಕಿ ಇವತ್ತ ಕೆಲಸಕ್ಕ ಬಂತು."

ಮುಂದಿನ ಚಳಿಗಾಲಕ್ಕೆ ಹಕ್ಕಿಗಳು ಬಂದವು, ಅವರಿರಲಿಲ್ಲ. ಆಗಾಗ ಮೊಬೈಲಿನಲ್ಲಿ ಆ ದೃಶ್ಯ ಹಾಕುತ್ತೇನೆ. ಹೊರಗ ಬರ್ರಿ ಎಂದು ಕೂಗುತ್ತೇನೆ. ಅವರು ತಿರುಗಿಯೂ ನೋಡದೆ, ಸೆರಗನ್ನು ನೀರ ಮೇಲೆ ತೇಲಬಿಟ್ಟು, ಮುಂದೆ ನಡೆಯುತ್ತಾರೆ.