ಮುನಿರತ್ನನ ಕತೆಯ ಕಾಡು

ಹೊಸೂರಿನ ಕಾರ್ಖಾನೆಯೊಂದರಲ್ಲಿ ಲೇತ್ ಯಂತ್ರ ಓಡಿಸುವ ಮುನಿರತ್ನನಿಗೆ ಕತೆಯ ಹುಚ್ಚು. ಅವಲಪಲ್ಲಿಯ ಬಾಡಿಗೆ ಕೋಣೆಯಲ್ಲಿ ಕಿಟಕಿಗೆ ಕಂಬಳಿ ಕಟ್ಟಿ, ಫೋನಿನಲ್ಲಿ ರೆಕಾರ್ಡ್ ಮಾಡಿ ಯೂಟ್ಯೂಬಿಗೆ ಹಾಕುತ್ತಾನೆ. ಅವನ ಕತೆಯ ಕಾಡು ಬೇರೆ ಗ್ರಹದಿಂದ ಬಿದ್ದ ಬೀಜ. ಮರಗಳ ವೇಷದಲ್ಲಿ ಬೆಳೆದ ಜೀವಿ. ಒಳಗೆ ಹೋದವರ ದನಿ ಕಲಿತು, ಅದೇ ದನಿಯಲ್ಲಿ ಉಳಿದವರನ್ನು ಕರೆಯುತ್ತದೆ.

ಆ ಕಾಡಿಗೆ ಅವನು ಡೆಂಕಣಿಕೋಟೆಯಾಚೆಗಿನ ತನ್ನೂರಿನ ಕಾಡಿನ ಹೆಸರನ್ನೇ ಇಟ್ಟ. ಬೇರೆ ಹೆಸರಿಟ್ಟರೆ ಅವನಿಗೇ ಭಯವಾಗುತ್ತಿರಲಿಲ್ಲ.

ಕೇಳಿದವರು ಹೆದರಲಿಲ್ಲ, ಆ ಕಾಡು ನೋಡಲು ಆಸೆಪಟ್ಟರು. ವಾರದ ಕೊನೆಗೆ ಬೈಕುಗಳು ಬರತೊಡಗಿದವು. ಹುಡುಗರು ಕಾಡಿನೊಳಗೆ ತಮ್ಮ ಹೆಸರು ಕೂಗಿ, ಉತ್ತರಕ್ಕೆ ಕಾದರು. ಉತ್ತರ ಬರದಿದ್ದಾಗ ಪಟಾಕಿ ಹೊಡೆದರು. ಬೆದರಿದ ಆನೆಗಳು ರಾಗಿ ಹೊಲಕ್ಕೆ ಇಳಿದವು. ಫಾರೆಸ್ಟಿನವರು ದಾರಿಗೆ ಸರಪಳಿ ಹಾಕಿ, ಊರವರು ಅಲ್ಲಿ ಆಡು ಮೇಯಿಸುವುದನ್ನೂ ನಿಲ್ಲಿಸಿದರು. ಮುನಿರತ್ನನ ಅಕ್ಕ ಆದಿಲಕ್ಷ್ಮಿ ಬದುಕುತ್ತಿದ್ದದ್ದು ಆಡುಗಳಿಂದಲೇ.

ಭಾನುವಾರ ಊರಿಗೆ ಬಂದು ಬಸ್ಸಿಳಿದ ಮುನಿರತ್ನನನ್ನು ಟೀ ಅಂಗಡಿಯಲ್ಲಿ ಕೂತಿದ್ದ ರೈತ ಮುತ್ತರಾಯಪ್ಪ ತಡೆದ.

"ಬಂದ್ನಪ್ಪಾ ಕತೆಗಾರ! ಹೊಲದಾಗೆ ಆನೆ ನಿಂತವೆ, ಅವಕ್ಕೂ ಒಂದು ಕತೆ ಹೇಳೋಗ್ಲಾ."

ಯಾರೂ ನಗಲಿಲ್ಲ.

ಮನೆಯಂಗಳದಲ್ಲಿ ಕಟ್ಟಿಹಾಕಿದ ಆಡುಗಳಿಗೆ ಅಕ್ಕ ಒಣಸೊಪ್ಪು ಹಾಕುತ್ತಿದ್ದಳು.

"ಆ ಕತೇನ ಅಳಿಸ್ಬುಡ್ತೀನಕ್ಕಾ. ಸುಳ್ಳು ಅಂತಾನೂ ಹೇಳ್ತೀನಿ."

"ಹೇಳ್ಬುಟ್ಟು ಆಮ್ಯಾಕೆ ಬಾ ಈ ಮನೆಗೆ."

ಅಂದೇ ಹೊಸದಾಗಿ ರೆಕಾರ್ಡ್ ಮಾಡಿ ಯೂಟ್ಯೂಬಿನಲ್ಲಿ ಹೇಳಿದ. ಎಲ್ಲ ನಾನು ಕಟ್ಟಿದ್ದು, ಅಲ್ಲಿ ಇರೋದು ಮರ ಮತ್ತು ಆನೆ ಅಷ್ಟೇ, ದಯವಿಟ್ಟು ಬರಬೇಡಿ ಎಂದು. ಕತೆಯನ್ನೂ ಅಳಿಸಿದ. ಅಷ್ಟರಲ್ಲಿ ಬೇರೆಯವರು ಅದನ್ನು ನಕಲು ಮಾಡಿ ಹಂಚಿದ್ದರು. ಹೊಸ ರೆಕಾರ್ಡಿನ ಕೆಳಗೆ ಯಾರೋ ಬರೆದರು: "ಇದು ಮುನಿರತ್ನಣ್ಣನ ದನಿ ಅಲ್ಲ. ಕಾಡು ಮಾತಾಡ್ತಿದೆ." ಆ ಮಾತಿಗೆ ಸಿಕ್ಕ ಮೆಚ್ಚುಗೆ ಅವನ ಯಾವ ಕತೆಗೂ ಸಿಕ್ಕಿರಲಿಲ್ಲ. ಮುಂದಿನ ಶನಿವಾರ ಬೈಕುಗಳ ಜೊತೆ ಕಾರುಗಳೂ ಬಂದವು.

ಸರಪಳಿ ತೆಗೆಯುವುದಿಲ್ಲ ಎಂದು ಖಾತ್ರಿಯಾದ ಮೇಲೆ ಆದಿಲಕ್ಷ್ಮಿ ಕೃಷ್ಣಗಿರಿಯ ಆಡಿನ ವ್ಯಾಪಾರಿಗೆ ಹೇಳಿಕಳಿಸಿದಳು. ಸುದ್ದಿ ತಿಳಿದು ಮುನಿರತ್ನ ರಜೆ ಹಾಕಿ ಓಡಿಬಂದಾಗ ಟೆಂಪೋ ಅಂಗಳದಲ್ಲಿ ನಿಂತಿತ್ತು. ಆಡುಗಳು ಹತ್ತಲೊಲ್ಲದೆ ಕಾಲೂರಿ ಅರಚುತ್ತಿದ್ದವು. ಅವನು ಒಂದು ಮರಿಯನ್ನು ಎತ್ತಿಕೊಡಲು ಬಗ್ಗಿದ.

"ಮುಟ್ಬ್ಯಾಡ ಕಣ್ಲಾ," ಎಂದಳು ಅಕ್ಕ, ದನಿ ಏರಿಸದೆ.

ಮರಿಯನ್ನು ತಾನೇ ಎತ್ತಿಕೊಟ್ಟು, ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು.