ಹಲಗೆಯಲ್ಲಿ ಉಳಿದ ನನ್ನ ಟ್ಯಾಗ್

ಗಣಿಯ ಕ್ಲಿನಿಕ್ಕಿನ ಮಂಚದ ಮೇಲೆ ಮೂರ್ತಿ ಅಂಕಲ್ ಒರಗಿ ಕೂತಿದ್ದರು. ಕತ್ತಿನ ಮೇಲೆ ಒದ್ದೆ ಟವಲು, ಕೈಗೆ ಡ್ರಿಪ್ಪು. ನನ್ನನ್ನು ಕಂಡವರೇ, "ಎಲ್ಲೋ ಹೋಗಿದ್ದೆ?" ಎಂದರು.

"ರೂಮಲ್ಲೇ ಇದ್ದೆ ಅಂಕಲ್. ಸ್ನಾನ ಮಾಡಿ ಮಲಗ್ಬಿಟ್ಟೆ."

ಆಸ್ಟ್ರೇಲಿಯಾದ ಪರ್ತ್‌ನಿಂದ ವಿಮಾನದಲ್ಲಿ ಬಂದು, ಎರಡು ವಾರ ದುಡಿದು ಮರಳುವ ಗಣಿ ನಮ್ಮದು. ನೆಲದಡಿಗೆ ಇಳಿಯುವವರು ಬಾಗಿಲ ಬಳಿಯ ಹಲಗೆಗೆ ಹೆಸರಿನ ಟ್ಯಾಗ್ ಹಾಕಬೇಕು, ಮೇಲೆ ಬಂದಾಗ ತೆಗೆಯಬೇಕು. ಒಂದು ಟ್ಯಾಗ್ ಉಳಿದರೂ ಬಂಡೆ ಸಿಡಿಸುವಂತಿಲ್ಲ. ಯಾರು ಎಲ್ಲಿದ್ದಾರೆಂದು ತೋರಿಸುವ ಚಿಪ್ ಎಲ್ಲರ ಹೆಲ್ಮೆಟ್ಟಿನಲ್ಲೂ ಇರುವಾಗ ಈ ಹಲಗೆ ಬರೀ ಶಾಸ್ತ್ರಕ್ಕೆ ಎಂದು ನಾನು ಮೀಟಿಂಗಿನಲ್ಲಿ ವಾದಿಸಿದ್ದೆ. ಯಾರೂ ಎದುರಾಡದಿದ್ದಾಗ ಗೆದ್ದೆ ಅಂದುಕೊಂಡಿದ್ದೆ.

ಅಂದು ಶಿಫ್ಟ್ ಮುಗಿಸಿ ಬರುವಾಗ ನಾನು ಟ್ಯಾಗ್ ತೆಗೆಯಲು ಮರೆತೆ. ಫೋನ್ ಸೈಲೆಂಟಿನಲ್ಲಿತ್ತು. ನಮ್ಮ ತಂಡದ ಹಿರಿಯರಾದ ಅಂಕಲ್, ನನ್ನ ರೂಮಿಗೆ ಒಬ್ಬರನ್ನು ಓಡಿಸಿ, ಉತ್ತರಕ್ಕೆ ಕಾಯದೆ ನನ್ನನ್ನು ಹುಡುಕಲು ಕೆಳಗಿಳಿದರು. ನಾನು ಸಿಕ್ಕ ಸುದ್ದಿ ಮುಟ್ಟುವಷ್ಟರಲ್ಲಿ ಅಲ್ಲಿನ ಬಿಸಿಗೆ ಕುಸಿದು ಬಿದ್ದಿದ್ದರು.

ಕ್ಲಿನಿಕ್ಕಿನಲ್ಲೂ ನನ್ನ ಬಾಯಿ ಸುಮ್ಮನಿರಲಿಲ್ಲ. "ನಾನು ಮೇಲಿದ್ದೀನಿ ಅಂತ ಚಿಪ್ ತೋರಿಸ್ತಿತ್ತಲ್ಲ ಅಂಕಲ್, ಯಾಕೆ ಇಳಿದ್ರಿ?"

"ಹೆಲ್ಮೆಟ್ ಮೇಲಿದ್ರೆ ತಲೆನೂ ಮೇಲಿರುತ್ತೇನೋ? ನಿನ್ನ ಟ್ಯಾಗ್ ಅಲ್ಲೇ ಇತ್ತು. ಇಳಿದೆ."

ಅವರ ಹೃದಯ ಇನ್ನು ಆ ಬಿಸಿ ತಡೆಯದು ಎಂದರು ಡಾಕ್ಟರು. ಅಂಕಲ್ ಮತ್ತೆ ಗಣಿಗೆ ಬರಲಿಲ್ಲ. ಈಗ ನಾನು ಟ್ಯಾಗ್ ತೆಗೆದು ಹೊರಟ ಮೇಲೂ ತಂಡದ ಯಾರಾದರೊಬ್ಬರು ಹಲಗೆಯ ಹತ್ತಿರ ಹೋಗಿ ನೋಡಿ ಬರುತ್ತಾರೆ. ನೋಡಬೇಡಿ ಎನ್ನಲು ನನ್ನ ಬಳಿ ಯಾವ ವಾದವೂ ಇಲ್ಲ.